ಬೂದಿ ಮುಚ್ಚಿದ ಕೆಂಡ: ಫೆಬೊ ಮಾರಿ ಎಂಬ ನಟ, ಬರಹಗಾರ

'ಚೇನೆರೆ' ಚಿತ್ರವನ್ನು ಮೊದಲ ಸಲ ನೋಡಿದಾಗ ಅದರಲ್ಲಿದ್ದ ಗಂಡಸು ನನಗೆ ಬೇಡವಾಗಿದ್ದ. 1916ರಲ್ಲಿ ಚಿತ್ರೀಕರಣಗೊಂಡ ಇಟಲಿಯ ಮೂಕಿ ಚಿತ್ರ ಅದು. ಹೆಸರಿನ ಅರ್ಥ ಬೂದಿ. ಇಟಲಿಯ ರಂಗಭೂಮಿಯ ಮಹಾನಟಿ ಎಲೆಯೊನೊರಾ ದೂಸೆ ತನ್ನ ಜೀವಮಾನದಲ್ಲಿ ಮಾಡಿದ ಒಂದೇ ಸಿನಿಮಾ ಇದು ಎಂದು ಎಲ್ಲೋ ಓದಿದ್ದೆ. ಹಾಗಾಗಿ ದೂಸೆಯನ್ನು ನೋಡಲೆಂದೇ ಕೂತಿದ್ದೆ. ಆಕೆ ಇರುವ ದೃಶ್ಯ ಬಂದಾಗ ಲ್ಯಾಪ್‌ಟಾಪಿಗೆ ಮುಖ ಹತ್ತಿರ ತರುವುದು, ಆ ತರುಣ ಬಂದು ಕೈ ಎತ್ತಿ, ತಲೆಗೂದಲು ಹಿಡಿದುಕೊಂಡು, ಎದೆ ಬಡಿದುಕೊಳ್ಳಲು ಶುರು ಮಾಡಿದರೆ ಬೆರಳಿನಿಂದ ಚಿತ್ರವನ್ನು ಮುಂದಕ್ಕೆ ತಳ್ಳುವುದು. ಹೀಗೇ ನೋಡಿ ಮುಗಿಸಿದೆ. ಒಟ್ಟು ನಲವತ್ತು ನಿಮಿಷವೂ ಇಲ್ಲದ ಚಿತ್ರ. ನಾನು ನೋಡಿದ್ದು ಅದರ ಅರ್ಧವಿರಬಹುದು.

ಆಮೇಲೆ ಅದರ ಬಗ್ಗೆ ಓದುವಾಗ ಗೊತ್ತಾಯಿತು. ನಾನು ತಳ್ಳಿಹಾಕುತ್ತಿದ್ದ ಆ ಮನುಷ್ಯನೇ ಚಿತ್ರದ ನಿರ್ದೇಶಕ. ಚಿತ್ರಕತೆಯಲ್ಲೂ ಅವನ ಕೈಯಿದೆ. ಹೆಸರು ಫೆಬೊ ಮಾರಿ. ನನಗೆ ದೂಸೆಯನ್ನು ತೋರಿಸುತ್ತಿದ್ದವನೇ ಅವನು! ಅವನನ್ನು ದಾಟಿಕೊಂಡು ನಾನು ಅವನ ಕೆಲಸವನ್ನೇ ಮೆಚ್ಚುತ್ತಿದ್ದೆ. ಅಂದಿನಿಂದ ಈ ಮನುಷ್ಯನ ಬಗ್ಗೆ ಒಂದು ಬಗೆಯ ಋಣಭಾವ ನನ್ನಲ್ಲಿ ಉಳಿದಿದೆ. ಈ ಬರಹ ಅದನ್ನು ತೀರಿಸುವ ಪ್ರಯತ್ನ. ಹಾಗೆಂದು ಅವನನ್ನು ಮರೆತುಹೋದ ಮಹಾನಟ ಎಂದು ಮೆರೆಸುವ ಉದ್ದೇಶ ನನಗಿಲ್ಲ. ನಟನಾಗಿ ಆತ ಇಂದಿಗೂ ನನಗೆ ಅತಿಯಾಗಿಯೇ ಕಾಣುತ್ತಾನೆ. ನನ್ನ ಕುತೂಹಲ ಬೇರೆ: ಒಬ್ಬನೇ ಮನುಷ್ಯನಲ್ಲಿ ನಟನೂ ಬರಹಗಾರನೂ ಇದ್ದು, ನಟನಿಗೆ ಗೊತ್ತಿಲ್ಲದ್ದು ಬರಹಗಾರನಿಗೆ ಗೊತ್ತಿದ್ದರೆ ಏನಾಗುತ್ತದೆ?

ಫೆಬೊ ಮಾರಿ ಎಂಬುದು ಇಟ್ಟುಕೊಂಡ ಹೆಸರು. ಸಿಸಿಲಿಯ ಮೆಸ್ಸೀನಾದಲ್ಲಿ ಹುಟ್ಟಿದ ಆತನ ಮನೆತನದ ಹೆಸರು ರೊಡ್ರಿಗೇಜ್. ಫೆಬೊ ಎಂದರೆ ಗ್ರೀಕರ ಸೂರ್ಯದೇವ ಅಪೊಲೊ, ಮಾರಿ ಎಂದರೆ ಇಟಾಲಿಯನ್ನಿನಲ್ಲಿ ಸಮುದ್ರಗಳು. ಒಂದೇ ಹೆಸರಿನಲ್ಲಿ ಸೂರ್ಯನನ್ನೂ ಸಮುದ್ರವನ್ನೂ ಹೊತ್ತುಕೊಂಡವನಿಗೆ ತನ್ನ ಬಗ್ಗೆ ಸಣ್ಣ ಕನಸುಗಳಿದ್ದಿರಲಾರವು. ನಮ್ಮ ಉತ್ತರ ಕರ್ನಾಟಕದ ಕಡೆ ಮಾರಿ ಎಂದರೆ ಮುಖ. ಇದು ಬರೀ ಕಾಕತಾಳೀಯ, ಗೊತ್ತು. ಆದರೆ ಅವನ ಚಿತ್ರಗಳನ್ನು ನೋಡುವಾಗಲೆಲ್ಲ ಧಾರವಾಡದ ಕಡೆಯವನಾದ ನನಗೆ ಈ ಅರ್ಥವೇ ನೆನಪಿಗೆ ಬರುತ್ತದೆ. ಯಾಕೆಂದರೆ ಅವನ ಇಡೀ ವೃತ್ತಿಜೀವನ ಒಂದು ಪ್ರಶ್ನೆಯ ಸುತ್ತ ತಿರುಗಿದೆ. ಪರದೆಯ ಮೇಲೆ ಯಾರ ಮುಖ ಕಾಣಬೇಕು, ಎಷ್ಟು ಕಾಣಬೇಕು?

ಆತ ಸಿನಿಮಾಕ್ಕೆ ಬಂದದ್ದು ರಂಗಭೂಮಿಯಿಂದ. 1910ರ ದಶಕದಲ್ಲಿ ಇಟಲಿಯ ಸಿನಿಮಾಕ್ಕೆ ಟ್ಯೂರಿನ್ ಒಂದು ದೊಡ್ಡ ಕೇಂದ್ರ. ಅಂಬ್ರೋಸಿಯೊ, ಇತಾಲಾ ಮುಂತಾದ ಕಂಪನಿಗಳು ಅಲ್ಲಿದ್ದವು. 1914ರಲ್ಲಿ ಇತಾಲಾದ ಜೊವಾನ್ನಿ ಪಾಸ್ತ್ರೋನೆ 'ಕಬೀರಿಯಾ' ಎಂಬ ಭಾರೀ ಚಿತ್ರವನ್ನು ತೆಗೆದು ಜಗತ್ತಿನ ಗಮನ ಸೆಳೆದಿದ್ದ. ಅದರ ನಡುಬರಹಗಳಿಗೆ ಹೆಸರು ಕೊಟ್ಟವನು ಇಟಲಿಯ ಖ್ಯಾತ ಕವಿ ಗಾಬ್ರಿಯೆಲೆ ದಾನ್ನುನ್ಸಿಯೊ. ಸಿನಿಮಾ ಇನ್ನೂ ಜಾತ್ರೆಯ ಆಟವೋ ಅಥವಾ ಕಲೆಯೋ ಎಂಬ ಜಗಳ ನಡೆಯುತ್ತಿದ್ದ ಕಾಲ. ಕಲೆ ಎಂದು ಸಾಬೀತು ಮಾಡಲು ಕಂಪನಿಗಳು ಎರಡು ದಾರಿ ಹಿಡಿದಿದ್ದವು: ದೊಡ್ಡ ಲೇಖಕರ ಹೆಸರು ತರುವುದು, ದೊಡ್ಡ ರಂಗನಟರ ಮುಖ ತರುವುದು. ಬರೆಯಲೂ ಬಲ್ಲ, ನಟಿಸಲೂ ಬಲ್ಲ ಮಾರಿಯಂಥವನಿಗೆ ಅದು ಹೇಳಿ ಮಾಡಿಸಿದ ಕಾಲ.

1915ರಲ್ಲಿ ಇತಾಲಾಕ್ಕಾಗಿ ಆತ ನಿರ್ದೇಶಿಸಿದ 'ಲೆಮಿಗ್ರಾಂತೆ' (ವಲಸಿಗ) ಚಿತ್ರದ ನಾಯಕ ಎರ್ಮೆತೆ ಜಕ್ಕೋನಿ. ಇಟಲಿಯ ರಂಗಭೂಮಿಯಲ್ಲಿ ಸಹಜಾಭಿನಯಕ್ಕೆ ಹೆಸರಾಗಿದ್ದ, ಆ ಹೊತ್ತಿಗೆ ವಯಸ್ಸಾಗಿದ್ದ ನಟ. ಬಡತನದಿಂದ ಊರು ಬಿಟ್ಟು, ಕಡಲು ದಾಟಿ ಕೂಲಿಗೆ ಹೋದ ಮುದುಕನ ಕತೆ ಅದು. ಆ ದಿನಗಳಲ್ಲಿ ಇಟಲಿಯಿಂದ ಅಮೆರಿಕ ಖಂಡಗಳಿಗೆ ಲಕ್ಷಾಂತರ ಜನ ಹಡಗು ಹತ್ತುತ್ತಿದ್ದರು. ಅರಮನೆ, ರಾಜಕುಮಾರಿಯರ ಚಿತ್ರಗಳ ನಡುವೆ ಒಬ್ಬ ಕೂಲಿಯ ಕತೆ ಬಂತು ಎನ್ನುವುದು ಮುಖ್ಯ. ಇನ್ನೊಂದು ಸಂಗತಿಯನ್ನೂ ಗಮನಿಸಬೇಕು. ಮಾರಿ ತಾನೇ ನಟನಾಗಿದ್ದೂ ಇಲ್ಲಿ ಹಿರಿಯನೊಬ್ಬನ ಮುಖವನ್ನು ಕ್ಯಾಮೆರಾದ ಮುಂದೆ ಇಟ್ಟು ತಾನು ಹಿಂದೆ ನಿಂತ. ಮುಂದಿನ ವರ್ಷ ದೂಸೆಯೊಂದಿಗೆ ಮಾಡಿದ್ದರ ಒಂದು ತಾಲೀಮಿನಂತೆ ಇದು ನನಗೆ ಕಾಣುತ್ತದೆ.

ಆದರೆ ಜನ ಅವನನ್ನು ಗುರುತಿಸಿದ್ದು 'ಇಲ್ ಫ್ವೋಕೊ' (ಬೆಂಕಿ) ಚಿತ್ರದಿಂದ. ನಿರ್ದೇಶಕ ಪಾಸ್ತ್ರೋನೆ, ಪಿಯೆರೊ ಫೋಸ್ಕೊ ಎಂಬ ಹೆಸರಿನಲ್ಲಿ. ಕ್ಯಾಮೆರಾ ಸೆಗುಂದೊ ದೆ ಚೊಮೋನ್‌ನದು. ಕತೆ ಹೆಣೆದವರಲ್ಲಿ ಮಾರಿಯೂ ಒಬ್ಬ, ನಾಯಕನೂ ಅವನೇ. ಹೆಚ್ಚುಕಡಿಮೆ ಎರಡೇ ಪಾತ್ರಗಳ ಚಿತ್ರ. ಬಡ ಚಿತ್ರಕಾರ ಮಾರಿಯೊ ಒಂದು ಸಂಜೆ ಬಯಲಿನಲ್ಲಿ ಚಿತ್ರ ಬರೆಯುತ್ತ ಕೂತಿದ್ದಾಗ ಶ್ರೀಮಂತ ಕವಯಿತ್ರಿಯೊಬ್ಬಳು ಎದುರಾಗುತ್ತಾಳೆ. ಪೀನಾ ಮೆನಿಕೆಲ್ಲಿ ಮಾಡಿದ ಪಾತ್ರ. ಗೂಬೆಯಂತೆ ಕಾಣುವ ಗರಿಗಳ ಟೋಪಿ ಅವಳದು. ಅವಳ ಕೋಟೆಯ ಹೆಸರೂ ಗೂಬೆಗಳದ್ದೇ. ಒಂದು ದೃಶ್ಯದಲ್ಲಿ ಅವಳು ಉರಿಯುವ ಎಣ್ಣೆಯ ದೀಪ ತೋರಿಸಿ, ಪ್ರೀತಿ ಹೀಗೆ ಮೆಲ್ಲಗೆ ಬಹುಕಾಲ ಉರಿಯಬೇಕೋ ಎಂದು ಕೇಳುತ್ತಾಳೆ. ಆಮೇಲೆ ಅದೇ ದೀಪವನ್ನು ಒಡೆದು, ಭಗ್ಗೆಂದು ಎದ್ದ ಜ್ವಾಲೆಯನ್ನು ತೋರಿಸಿ, ಹೀಗೆ ಒಮ್ಮೆಲೇ ಉರಿದು ಮುಗಿಯಬೇಕೋ ಎನ್ನುತ್ತಾಳೆ. ಅವನು ಜ್ವಾಲೆಯನ್ನು ಆರಿಸಿಕೊಳ್ಳುತ್ತಾನೆ. ಅವಳ ಚಿತ್ರ ಬರೆದು ಹೆಸರು ಮಾಡುತ್ತಾನೆ. ಗಂಡ ಬರುವ ಸುದ್ದಿ ಬಂದೊಡನೆ ಅವಳು ಇವನಿಗೆ ಮದ್ದು ಹಾಕಿ ಮಲಗಿಸಿ ಹೊರಟುಹೋಗುತ್ತಾಳೆ. ಮುಂದೊಮ್ಮೆ ಎದುರಾದಾಗ ಗುರುತೇ ಇಲ್ಲದವಳಂತೆ ನಡೆಯುತ್ತಾಳೆ. ಅವನಿಗೆ ಹುಚ್ಚು ಹಿಡಿಯುತ್ತದೆ.

ಮೆನಿಕೆಲ್ಲಿಯ ಆ ತಿರುಚುವ ಮೈ, ಅರೆಮುಚ್ಚಿದ ಕಣ್ಣು, ತುಟಿಯ ಕೊಂಕು ಇಂದಿಗೂ ನೋಡುಗರನ್ನು ಹಿಡಿದಿಡುತ್ತವೆ. ಇಟಲಿಯ ದೀವಾ ಚಿತ್ರಗಳ ಬಗ್ಗೆ ಬರೆದವರು ಈ ಚಿತ್ರವನ್ನು ಬಿಟ್ಟಿಲ್ಲ. ದೀವಾ ಎಂದರೆ ದೇವತೆ. ಲೀದಾ ಬೊರೆಲ್ಲಿ, ಫ್ರಾಂಚೆಸ್ಕಾ ಬೆರ್ತೀನಿ, ಮೆನಿಕೆಲ್ಲಿ ಇವರೆಲ್ಲ ಆ ಕಾಲದ ದೀವಾಗಳು. ಅವರ ಎದುರು ನಿಂತ ಗಂಡಸರ ಬಗ್ಗೆ ಯಾರೂ ಹೆಚ್ಚು ಬರೆಯುವುದಿಲ್ಲ. ಅವರು ಬೆಂಕಿಗೆ ಸೌದೆ. ಇಲ್ಲಿ ವಿಶೇಷವೆಂದರೆ ಸೌದೆಯೇ ಕತೆಯಲ್ಲಿ ಕೈಯಾಡಿಸಿದೆ. ತಾನು ಸುಟ್ಟುಹೋಗುವ ಪಾತ್ರವನ್ನು ಮಾರಿ ತಾನೇ ರೂಪಿಸಿಕೊಂಡ. ಅವಳಿಗೆ ಮಾತೂ ಆಯ್ಕೆಯೂ ಕೊಟ್ಟು, ತನಗೆ ನೋವನ್ನು ಇಟ್ಟುಕೊಂಡ. ಆದರೆ ಆ ನೋವನ್ನು ನಟಿಸುವಾಗ ಯಾವ ಹಿಡಿತವೂ ಇಲ್ಲ. ಕಣ್ಣು ಅಗಲ, ಕೈ ಅಗಲ, ಬಾಯಿ ಅಗಲ. ಬರೆದವನು ಬಿಟ್ಟುಕೊಟ್ಟಿದ್ದನ್ನು ನಟ ವಾಪಸು ಕಿತ್ತುಕೊಳ್ಳಲು ನೋಡುತ್ತಾನೆ. ಅವನ ಮುಂದಿನ ಚಿತ್ರಗಳನ್ನು ಓದಲು ಇದೇ ನನಗೆ ದಾರಿಯಾಯಿತು.

'ಇಲ್ ಫ್ವೋಕೊ' ಮೂರು ಭಾಗಗಳ ಚಿತ್ರ. ಭಾಗಗಳ ಹೆಸರು ಕ್ರಮವಾಗಿ ಕಿಡಿ, ಜ್ವಾಲೆ, ಬೂದಿ. ಮೂರನೆಯ ಭಾಗ ಬೂದಿಯಲ್ಲಿ ಮುಗಿದ ಚಿತ್ರದ ನಾಯಕ ಕೆಲವೇ ತಿಂಗಳಲ್ಲಿ ಕೈಗೆತ್ತಿಕೊಂಡ ಚಿತ್ರದ ಹೆಸರೇ ಬೂದಿ. ಇಷ್ಟೇ ಆಗಿದ್ದರೆ ಸುಮ್ಮನಿರಬಹುದಿತ್ತು. 'ಇಲ್ ಫ್ವೋಕೊ' ಎಂಬ ಹೆಸರಿಗೆ ಇನ್ನೊಂದು ಹಿನ್ನೆಲೆಯಿದೆ. 1900ರಲ್ಲಿ ದಾನ್ನುನ್ಸಿಯೊ ಅದೇ ಹೆಸರಿನ ಕಾದಂಬರಿ ಬರೆದಿದ್ದ. ಚಿತ್ರದ ಕತೆ ಆ ಕಾದಂಬರಿಯದಲ್ಲ, ಆದರೆ ಹೆಸರೂ ಹವೆಯೂ ಅದರದ್ದೇ. ಆ ಕಾದಂಬರಿಯಲ್ಲಿ ಒಬ್ಬ ತರುಣ ಕವಿ, ಅವನನ್ನು ಪ್ರೀತಿಸುವ, ಅವನಿಗಿಂತ ವಯಸ್ಸಿನಲ್ಲಿ ಹಿರಿಯಳಾದ, ಮುಪ್ಪಿಗೆ ಅಂಜುವ ನಟಿ ಇದ್ದಾರೆ. ನಟಿ ಯಾರೆಂದು ಓದಿದವರಿಗೆಲ್ಲ ತಿಳಿದಿತ್ತು. ಅದು ದೂಸೆ. ತನ್ನ ಪ್ರಿಯತಮನೇ ತನ್ನ ವಯಸ್ಸನ್ನು, ತನ್ನ ಅಂಜಿಕೆಯನ್ನು ಪುಸ್ತಕ ಮಾಡಿ ಯುರೋಪಿನ ಮುಂದೆ ಇಟ್ಟಿದ್ದನ್ನು ಆಕೆ ಸಹಿಸಿದ್ದಳು. ಒಬ್ಬ ಲೇಖಕನ ಬೆಂಕಿಯಲ್ಲಿ ಒಮ್ಮೆ ಬೆಂದಿದ್ದ ಆಕೆ ಈಗ, 57ರ ವಯಸ್ಸಿನಲ್ಲಿ, ಬೆಂಕಿ ಎಂಬ ಚಿತ್ರದಿಂದ ಹೆಸರಾದ ಇನ್ನೊಬ್ಬ ಬರಹಗಾರ-ನಟನ ಕೈಗೆ ತನ್ನ ಮುಖವನ್ನು ಕೊಡಬೇಕಿತ್ತು.

ದೂಸೆ 1909ರಲ್ಲಿ ರಂಗಭೂಮಿ ಬಿಟ್ಟಿದ್ದಳು. ಮತ್ತೆ ರಂಗಕ್ಕೆ ಮರಳಿದ್ದು 1921ರಲ್ಲಿ. ಈ ಹನ್ನೆರಡು ವರ್ಷಗಳ ಮೌನದ ನಡುವೆ ಬಂದದ್ದು 'ಚೇನೆರೆ'. ಗ್ರಾತ್ಸಿಯಾ ದೆಲೆದ್ದಾ 1904ರಲ್ಲಿ ಪ್ರಕಟಿಸಿದ ಕಾದಂಬರಿ ಅದಕ್ಕೆ ಆಧಾರ. ಸಾರ್ಡೀನಿಯಾ ದ್ವೀಪದ ಜನರ ಬದುಕನ್ನೇ ಬರೆದ ದೆಲೆದ್ದಾಗೆ ಮುಂದೆ 1926ನೇ ಸಾಲಿನ ನೊಬೆಲ್ ಬಂತು. ಚಿತ್ರ ತಯಾರಿಸಿದ್ದು ಅಂಬ್ರೋಸಿಯೊ ಕಂಪನಿ. ಕತೆ ಸಾರ್ಡೀನಿಯಾದ್ದು, ಚಿತ್ರೀಕರಣ ಪೀಡ್ಮಾಂಟಿನ ಬೆಟ್ಟಗಳಲ್ಲಿ. ಚಿತ್ರಕತೆಯನ್ನು ಮಾರಿಯೂ ದೂಸೆಯೂ ಕೂಡಿ ಮಾಡಿದರು.

ಕತೆ ಸರಳ. ಮದುವೆಯಾದವನೊಬ್ಬನನ್ನು ನಂಬಿ ಬಸಿರಾದ ಹೆಣ್ಣು, ಹುಟ್ಟಿದ ಮಗನನ್ನು ಕೆಲವು ವರ್ಷ ಸಾಕಿ, ಅವನಾದರೂ ಚೆನ್ನಾಗಿರಲಿ ಎಂದು ತಂದೆಯ ಎಣ್ಣೆಗಾಣದ ಬಾಗಿಲಲ್ಲಿ ಬಿಟ್ಟು ಮರೆಯಾಗುತ್ತಾಳೆ. ಬಿಡುವ ಮುಂಚೆ ಅವನ ಕೊರಳಿಗೆ ಒಂದು ತಾಯಿತ ಕಟ್ಟಿರುತ್ತಾಳೆ. ಮಗ ಬೆಳೆದು, ಓದಿ, ಸ್ಥಿತಿವಂತರ ಮನೆಯ ಹುಡುಗಿಯನ್ನು ಮದುವೆಯಾಗಲು ಹೊರಟಿದ್ದಾನೆ. ಆದರೆ ತಾಯಿಯನ್ನು ಹುಡುಕದೆ ಇರಲಾರ. ಹುಡುಕಿದಾಗ ಸಿಗುವುದು ಬಡತನವೂ ಅವಮಾನವೂ ಅರೆದುಹಾಕಿದ ಮುದುಕಿ. ಅವಳನ್ನು ಜೊತೆಗಿಟ್ಟುಕೊಳ್ಳುತ್ತೇನೆ ಎಂಬ ಹಟ ಅವನದು. ಹುಡುಗಿ ಒಪ್ಪುವುದಿಲ್ಲ. ತನ್ನಿಂದ ಮಗನ ಬಾಳು ಕೆಡಬಾರದೆಂದು ತಾಯಿ ಪ್ರಾಣ ಬಿಡುತ್ತಾಳೆ.

ಈಗ ಕಾದಂಬರಿಯನ್ನೂ ಚಿತ್ರವನ್ನೂ ಪಕ್ಕಪಕ್ಕ ಇಟ್ಟು ನೋಡಿ. ದೆಲೆದ್ದಾ ಕಾದಂಬರಿಯಲ್ಲಿ ತಾಯಿ ಮೊದಲ ಭಾಗದ ನಂತರ ಕಾಣೆಯಾಗುತ್ತಾಳೆ. ಮತ್ತೆ ಬರುವುದು ಕೊನೆಯ ಹೊತ್ತಿಗೆ. ನಡುವಿನ ದೊಡ್ಡ ಹರವು ಮಗ ಅನಾನಿಯಾನದು. ಅವನ ಬಾಲ್ಯ, ಓದು, ಪ್ರೇಮ, ರೋಮ್‌ನ ದಿನಗಳು, ತಾಯಿಯ ಬಗ್ಗೆ ಅವನಿಗಿರುವ ನಾಚಿಕೆ ಮತ್ತು ಹಂಬಲ. ನ್ಯಾಯವಾಗಿ ಅದು ಅನಾನಿಯಾನ ಕಾದಂಬರಿ. ಒಬ್ಬ ನಟನಿಗೆ ಇದಕ್ಕಿಂತ ಒಳ್ಳೆಯ ಪಾತ್ರ ಸಿಗುವುದು ಕಷ್ಟ. ಚಿತ್ರದಲ್ಲಿ ಅನಾನಿಯಾನ ಪಾತ್ರ ಮಾಡಿದವನು ಮಾರಿಯೇ. ಆದರೂ ಚಿತ್ರಕತೆಯಲ್ಲಿ ಕತ್ತರಿ ಬಿದ್ದದ್ದು ಮುಖ್ಯವಾಗಿ ಅನಾನಿಯಾನ ಮೇಲೆ. ಕಾದಂಬರಿಯಲ್ಲಿ ಇಲ್ಲದವಳಾಗಿ ಕಾಡುವ ತಾಯಿ ಚಿತ್ರದಲ್ಲಿ ನಡುಮಧ್ಯಕ್ಕೆ ಬಂದಿದ್ದಾಳೆ.

ಇದರಲ್ಲಿ ದೊಡ್ಡತನವೇನಿದೆ, ಕಂಪನಿ ದುಡ್ಡು ಹಾಕಿದ್ದೇ ದೂಸೆಯ ಹೆಸರಿಗೆ ಎಂದು ಯಾರಾದರೂ ಹೇಳಬಹುದು. ನಿಜ. ದೂಸೆಯಂಥವಳು ಒಪ್ಪಿ ಬಂದಾಗ ಮಗನ ಕಾಲೇಜು ದಿನಗಳನ್ನು ಯಾರು ತೋರಿಸುತ್ತಾರೆ? ಚಿತ್ರಕತೆಯಲ್ಲಿ ದೂಸೆಯ ಪಾಲೂ ಇದ್ದುದರಿಂದ ಈ ಕತ್ತರಿ ಆಕೆಯದ್ದೇ ಇರಬಹುದು. ಅದನ್ನೂ ಒಪ್ಪುತ್ತೇನೆ. ಆದರೆ ತಾಯಿಯನ್ನು ಹೇಗೆ ತೋರಿಸಿದ್ದಾರೆ ಎಂಬುದು ವ್ಯಾಪಾರದ ಲೆಕ್ಕಕ್ಕೆ ಸಿಗುವುದಿಲ್ಲ. ದುಡ್ಡು ಕೊಟ್ಟು ತಂದ ಮುಖವನ್ನು ವ್ಯಾಪಾರಿ ಎಷ್ಟು ಸಾಧ್ಯವೋ ಅಷ್ಟು ಹತ್ತಿರದಿಂದ ತೋರಿಸುತ್ತಾನೆ. 'ಚೇನೆರೆ' ಆ ಮುಖವನ್ನು ಬಚ್ಚಿಡುತ್ತದೆ.

ದೂಸೆಗೆ ಕ್ಯಾಮೆರಾ ಮುಖದ ಹತ್ತಿರ ಬರುವುದು ಬೇಕಿರಲಿಲ್ಲ. ತನ್ನನ್ನು ನೆರಳಿನಲ್ಲಿಡುವಂತೆ ಆಕೆ ಮಾರಿಯನ್ನು ಕೇಳಿಕೊಂಡಿದ್ದಳು. ಚಿತ್ರದುದ್ದಕ್ಕೂ ಅದು ಕಾಣುತ್ತದೆ. ತರುಣಿ ತಾಯಿಯಾಗಿ ಬರುವ ಮೊದಲ ದೃಶ್ಯಗಳಲ್ಲಿ ಆಕೆ ದೂರದಲ್ಲಿದ್ದಾಳೆ, ಅಥವಾ ನಮಗೆ ಬೆನ್ನು ಹಾಕಿದ್ದಾಳೆ, ಅಥವಾ ಸೆರಗಿನಂತೆ ಹೊದ್ದ ಶಾಲಿನ ಮರೆಯಲ್ಲಿದ್ದಾಳೆ. ಬಾಗಿಲ ಚೌಕಟ್ಟಿನ ಕತ್ತಲಲ್ಲಿ ಅರ್ಧ ಮೈ ಕಳೆದುಹೋಗಿದೆ. ಕಾಣುವುದು ಕೈ. ಮಗುವಿನ ತಲೆ ಸವರುವ, ಶಾಲು ಎಳೆದುಕೊಳ್ಳುವ, ಗೋಡೆ ಹಿಡಿಯುವ ಕೈ. ವರ್ಷಗಳ ನಂತರ ಮಗ ಎದುರು ನಿಂತಾಗ ಆಕೆಯ ಕೂದಲು ಬೆಳ್ಳಗಿದೆ. ಮುಖ ಮುಚ್ಚಿಕೊಳ್ಳಲು ಕೈ ಮೇಲೇಳುತ್ತದೆ. ಮಗನನ್ನು ಕಣ್ತುಂಬ ನೋಡುವ ಆಸೆಗೆ ಅದೇ ಕೈ ಸಡಿಲಾಗುತ್ತದೆ. ಬೇಕು, ಬೇಡ ಎರಡೂ ಆ ಒಂದು ಕೈಯಲ್ಲಿವೆ. ಮಾತಿಲ್ಲದ ಚಿತ್ರದಲ್ಲಿ ಇದಕ್ಕಿಂತ ಹೆಚ್ಚು ಹೇಳಿದ್ದನ್ನು ನಾನು ಕಡಿಮೆ ನೋಡಿದ್ದೇನೆ.

ಹೋಲಿಕೆಗೆ ಇನ್ನೊಬ್ಬ ಮಹಾನಟಿಯನ್ನು ನೆನೆಯಬಹುದು. ದೂಸೆಯ ಪ್ರತಿಸ್ಪರ್ಧಿ ಎಂದೇ ಹೆಸರಾದ ಫ್ರಾನ್ಸಿನ ಸಾರಾ ಬರ್ನಾರ್ಡ್ 1912ರಲ್ಲಿ ಎಲಿಜಬೆತ್ ರಾಣಿಯಾಗಿ ಸಿನಿಮಾದಲ್ಲಿ ಬಂದಿದ್ದಳು. ಅದರಲ್ಲಿ ಆಕೆ ಥಿಯೇಟರಿನ ಕೊನೆಯ ಸಾಲಿಗೂ ಕಾಣುವಂತೆ ಕೈ ಬೀಸುತ್ತಾಳೆ. ಕ್ಯಾಮೆರಾ ಎಷ್ಟು ಹತ್ತಿರದಲ್ಲಿದೆ ಎಂದು ಆಕೆಗೆ ಯಾರೂ ಹೇಳಿದಂತಿಲ್ಲ. ದೂಸೆಗೆ ಅದು ಗೊತ್ತಿತ್ತು. ಹತ್ತಿರದಲ್ಲಿರುವವರಿಗೆ ಕಡಿಮೆ ತೋರಿಸಬೇಕು ಎಂಬುದು ಆಕೆಯ ಬುದ್ಧಿ. ಆದರೆ ನೆರಳು ಬೇಕೆಂದು ನಟಿ ಕೇಳಬಹುದು, ನೆರಳನ್ನು ಕಟ್ಟಬೇಕಾದವನು ನಿರ್ದೇಶಕ. ಬಾಗಿಲು ಎಲ್ಲಿರಬೇಕು, ಬೆಳಕು ಯಾವ ಕಡೆಯಿಂದ ಬರಬೇಕು, ಆಕೆ ಮುಖ ತಿರುಗಿಸಿದಾಗ ಕ್ಯಾಮೆರಾ ಹಿಂಬಾಲಿಸದೆ ಸುಮ್ಮನೆ ನಿಲ್ಲಬೇಕು ಎಂಬುದನ್ನೆಲ್ಲ ಒಬ್ಬರು ತೀರ್ಮಾನಿಸಬೇಕು. ಹಿಂದಿನ ವರ್ಷವಷ್ಟೇ ಮೆನಿಕೆಲ್ಲಿಯ ಮುಖದ ಒಂದೊಂದು ಕೊಂಕನ್ನೂ ಪರದೆ ತುಂಬ ತೋರಿಸಿದ ಚಿತ್ರದಲ್ಲಿ ದುಡಿದವನು ಮಾರಿ. ಮುಖ ತೋರಿಸಿದರೆ ಜನ ಬರುತ್ತಾರೆ ಎಂದು ಅವನಿಗಿಂತ ಚೆನ್ನಾಗಿ ಯಾರಿಗೆ ಗೊತ್ತಿತ್ತು? ಗೊತ್ತಿದ್ದೂ ತೋರಿಸಲಿಲ್ಲ. ದಾನ್ನುನ್ಸಿಯೊ ದೂಸೆಯ ಮುಪ್ಪನ್ನು ಬಿಚ್ಚಿಟ್ಟು ಕಾದಂಬರಿ ಬರೆದಿದ್ದ. ಮಾರಿ ಅದೇ ಮುಪ್ಪಿಗೆ ಹೊದಿಕೆ ಹೊದಿಸಿ ಚಿತ್ರ ಮಾಡಿದ. ಅವನ ವೃತ್ತಿಜೀವನದ ಅತಿ ಒಳ್ಳೆಯ ಗಳಿಗೆ ಇದು ಎಂದು ನನಗನ್ನಿಸುತ್ತದೆ.

ಆದರೆ ಅದೇ ಚೌಕಟ್ಟಿನೊಳಗೆ ನಟ ಮಾರಿಯೂ ಇದ್ದಾನಲ್ಲ! ಮೂವತ್ತು ದಾಟಿದ್ದ ಆತ ಕಾಲೇಜು ಹುಡುಗನಾಗಿ ಬರುತ್ತಾನೆ. ಪಕ್ಕದಲ್ಲಿ ದೂಸೆ ಒಂದು ಬೆರಳು ಅಲುಗಿಸಿದರೆ ಇವನು ಎರಡೂ ತೋಳು ಎತ್ತುತ್ತಾನೆ. ಆಕೆ ತಲೆ ತಗ್ಗಿಸಿದರೆ ಇವನು ಆಕಾಶ ನೋಡುತ್ತಾನೆ. ಆಕೆಗಾಗಿ ಅಷ್ಟು ಎಚ್ಚರದಿಂದ ಕಟ್ಟಿದ ಮೌನವನ್ನು ತಾನೇ ಕದಡುತ್ತಾನೆ. ನಿರ್ದೇಶಕನಾಗಿ ಆತ ಬೇರೆಯವರಿಗೆ ಹೇಳಿದ್ದನ್ನು ತನಗೆ ಹೇಳಿಕೊಳ್ಳುವವರು ಯಾರೂ ಇರಲಿಲ್ಲ.

ಇಲ್ಲಿ ನನ್ನದೊಂದು ನೆನಪು ಹೇಳಲೇಬೇಕು. ಓದುವ ದಿನಗಳಲ್ಲಿ ಧಾರವಾಡದ ಒಂದು ಹವ್ಯಾಸಿ ತಂಡದಲ್ಲಿ ಮಗನ ಪಾತ್ರ ಮಾಡುತ್ತಿದ್ದೆ. ತಾಯಿಯ ಪಾತ್ರಕ್ಕೆ ವೃತ್ತಿ ಕಂಪನಿಗಳಲ್ಲಿ ಪಳಗಿದ ಹಿರಿಯ ನಟಿಯೊಬ್ಬರನ್ನು ಕರೆಸಿದ್ದರು. ಆಕೆ ಮಾತಾಡುವಾಗ ನಾನು ದುಃಖ ತೋರಿಸಬೇಕೆಂದು ಕರ್ಚೀಫು ತೆಗೆಯುವುದು, ಬೆನ್ನು ತಿರುಗಿಸುವುದು, ಕಂಬಕ್ಕೆ ಒರಗುವುದು ಎಲ್ಲ ಮಾಡುತ್ತಿದ್ದೆ. ಮೂರನೆಯ ದಿನ ನಿರ್ದೇಶಕರು ತಾಲೀಮು ನಿಲ್ಲಿಸಿದರು. "ತಮ್ಮಾ, ನೀ ಸುಮ್ನ ನಿಂದ್ರು. ಮಂದಿ ಅಕ್ಕಾರ ಮಾರಿ ನೋಡ್ಬೇಕು, ನಿಂದಲ್ಲ," ಅಂದರು. ಎಲ್ಲರ ಮುಂದೆ ಹೇಳಿದ್ದಕ್ಕೆ ಅವಮಾನವಾಯಿತು. ಸುಮ್ಮನೆ ನಿಂತೆ. ಮೊದಲ ಪ್ರದರ್ಶನದ ದಿನ ಗೊತ್ತಾಯಿತು, ಸುಮ್ಮನೆ ನಿಂತು ಕೇಳುವುದೂ ಒಂದು ಪಾತ್ರ ಎಂದು. ಅದು ನನಗೆ ಒಮ್ಮೆಯೂ ಪೂರ್ತಿ ಬರಲಿಲ್ಲ. ನಾಟಕ ಬಿಟ್ಟು ಬರವಣಿಗೆಗೆ ಬಂದದ್ದಕ್ಕೆ ಅದೂ ಒಂದು ಕಾರಣ. ಮಾರಿಯ ಎತ್ತಿದ ಕೈಗಳನ್ನು ಕಂಡಾಗ ನನಗೆ ಅಷ್ಟು ಸಿಟ್ಟು ಬಂದದ್ದು ಯಾಕೆಂದು ಎರಡನೆಯ ಸಲ ನೋಡುವಾಗ ಅರ್ಥವಾಯಿತು. ಅವು ನನಗೆ ಪರಿಚಯದ ಕೈಗಳು.

ಮಾರಿಯಿಂದ ದೂಸೆಯನ್ನು ತೆಗೆದರೆ ಏನು ಉಳಿಯುತ್ತದೆ? ಉತ್ತರ 1917ರ 'ಇಲ್ ಫಾವ್ನೊ'ದಲ್ಲಿದೆ. ಬರಹ, ನಿರ್ದೇಶನ, ಮುಖ್ಯಪಾತ್ರ ಮೂರೂ ಅವನದೇ. ಶಿಲ್ಪಿಯೊಬ್ಬ ತನ್ನ ರೂಪದರ್ಶಿಯನ್ನು ಬಿಟ್ಟು ರಾಜಕುಮಾರಿಯೊಬ್ಬಳ ಹಿಂದೆ ಹೋಗುತ್ತಾನೆ. ಒಬ್ಬಳೇ ಉಳಿದ ಆ ಹೆಣ್ಣಿನ ಮುಂದೆ ಶಿಲ್ಪಶಾಲೆಯ ಫಾನ್ ಮೂರ್ತಿ, ಅಂದರೆ ಅರ್ಧ ಮನುಷ್ಯ ಅರ್ಧ ಆಡಿನ ರೂಪದ ವನದೇವತೆ, ಜೀವ ತಳೆಯುತ್ತದೆ. ಇಬ್ಬರೂ ಕಾಡಿನಲ್ಲಿ ಕೆಲಕಾಲ ಸುಖವಾಗಿದ್ದು, ಕೊನೆಗೆ ಅದು ಮತ್ತೆ ಕಲ್ಲಾಗುತ್ತದೆ. ಫಾನ್ ಆದವನು ಮಾರಿ. ಚಿತ್ರ ಉಳಿದು ಬಂದಿದೆ, ನೋಡಲು ಚೆಂದವಾಗಿಯೂ ಇದೆ. ಕಾಡಿನ ಬೆಳಕು, ನೀರು, ಬಿಸಿಲುಕೋಲು ಎಲ್ಲ ಒಬ್ಬ ಕವಿಯ ಕಣ್ಣಿಗೆ ಬಿದ್ದಂತಿವೆ. ಕಲ್ಲಿಗೆ ಜೀವ ಬರುತ್ತದೆ ಎಂಬ ಕಲ್ಪನೆಯೇ ಸಿನಿಮಾಕ್ಕೆ ಹತ್ತಿರದ್ದು, ನಿಂತ ಚಿತ್ರಗಳು ಓಡಿದಾಗಲೇ ತಾನೇ ಸಿನಿಮಾ ಹುಟ್ಟಿದ್ದು! ಆದರೆ ಚಿತ್ರ ಮುಂದುವರಿದಂತೆ ಎಲ್ಲ ದಾರಿಗಳೂ ಒಂದೇ ಮುಖಕ್ಕೆ ಹೋಗಿ ಸೇರುತ್ತವೆ. ಹೆಣ್ಣು ಇರುವುದು ಅವನನ್ನು ನೋಡಲು, ಕಾಡು ಇರುವುದು ಅವನ ಹಿಂದೆ ನಿಲ್ಲಲು. ಎದುರಿಗಿರುವವರಿಗೆ ಜಾಗ ಬಿಡಬೇಕಾದ ಒತ್ತಾಯ ಇಲ್ಲದಾಗ ಬರಹಗಾರನೂ ನಟನ ಸೇವೆಗೆ ಇಳಿದುಬಿಡುತ್ತಾನೆ. ಮರುವರ್ಷ 'ಅತ್ತಿಲಾ' ಮಾಡಿದ. ಯುರೋಪನ್ನು ನಡುಗಿಸಿದ ಹೂಣರ ದೊರೆ ಅತ್ತಿಲಾ ಆದವನೂ ಅವನೇ, ನಿರ್ದೇಶಕನೂ ಅವನೇ. ವನದೇವತೆಯಿಂದ ಲೋಕಕಂಟಕನವರೆಗೆ ಎಲ್ಲ ವೇಷವನ್ನೂ ತೊಟ್ಟ. ಅವನ ಚಿತ್ರಗಳಲ್ಲಿ ಇಂದು ಜನ ಹುಡುಕಿಕೊಂಡು ನೋಡುವುದು ಮಾತ್ರ ಮೆನಿಕೆಲ್ಲಿ ಇರುವುದನ್ನು ಮತ್ತು ದೂಸೆ ಇರುವುದನ್ನು.

'ಚೇನೆರೆ' ಬಿಡುಗಡೆಯಾದಾಗ ಜನ ಒಲಿಯಲಿಲ್ಲ. ದೀವಾಗಳ ಹಾವಭಾವಕ್ಕೆ ಒಗ್ಗಿಹೋದವರಿಗೆ ಬೆನ್ನು ಹಾಕಿ ನಿಂತ ಮುದುಕಿಯ ಚಿತ್ರ ಹಿಡಿಸದಿದ್ದುದರಲ್ಲಿ ಆಶ್ಚರ್ಯವಿಲ್ಲ. 1915ರ ಮೇ ತಿಂಗಳಲ್ಲಿ ಇಟಲಿ ಮಹಾಯುದ್ಧಕ್ಕೆ ಇಳಿದಿತ್ತು. ಮಗನ ದಾರಿ ಕಾಯುವ ತಾಯಂದಿರು ಮನೆಮನೆಯಲ್ಲಿದ್ದರು. ಥಿಯೇಟರಿನಲ್ಲೂ ಅದನ್ನೇ ನೋಡುವುದು ಅವರಿಗೆ ಬೇಕಿರಲಿಲ್ಲವೇನೋ. ದೂಸೆಗೂ ಚಿತ್ರ ತೃಪ್ತಿ ಕೊಡಲಿಲ್ಲ. ಆಕೆ ಮತ್ತೆ ಸಿನಿಮಾ ಮಾಡಲಿಲ್ಲ. ರಂಗಕ್ಕೆ ಮರಳಿ, 1924ರಲ್ಲಿ ಅಮೆರಿಕ ಪ್ರವಾಸದಲ್ಲಿದ್ದಾಗ ಪಿಟ್ಸ್‌ಬರ್ಗಿನಲ್ಲಿ ತೀರಿಕೊಂಡಳು.

ಮಾರಿಯ ಕಾಲವೂ ಬೇಗ ಮುಗಿಯಿತು. ಯುದ್ಧ ಮುಗಿದ ಮೇಲೆ ಇಟಲಿಯ ಸಿನಿಮಾ ಚೇತರಿಸಿಕೊಳ್ಳಲಿಲ್ಲ. ಅಮೆರಿಕದ ಚಿತ್ರಗಳು ಬಂದು ತುಂಬಿಕೊಂಡವು. 1919ರಲ್ಲಿ ದೊಡ್ಡ ಕಂಪನಿಗಳು ಒಂದಾಗಿ ಕಟ್ಟಿದ ಒಕ್ಕೂಟ ಕೆಲವೇ ವರ್ಷಗಳಲ್ಲಿ ಮುಗ್ಗರಿಸಿತು. ಟ್ಯೂರಿನ್ನಿನ ಸ್ಟುಡಿಯೋಗಳು ಒಂದೊಂದಾಗಿ ಬಾಗಿಲು ಹಾಕಿದವು. ನಟರಲ್ಲಿ ಕೆಲವರು ಜರ್ಮನಿಗೆ ಹೋದರು, ಕೆಲವರು ನಾಟಕಕ್ಕೆ ಮರಳಿದರು. ಮಾರಿಯೂ ನಾಟಕಕ್ಕೆ ಮರಳಿದ. 1939ರಲ್ಲಿ ತೀರಿಕೊಂಡಾಗ ಅವನ ಹೆಸರಿನ ಚಿತ್ರಗಳಲ್ಲಿ ಹೆಚ್ಚಿನವು ಸುಮಾರು ಎರಡು ದಶಕ ಹಳೆಯವು, ಮಾತು ಬಾರದವು. ಸಿನಿಮಾ ಚರಿತ್ರೆಯ ಪುಸ್ತಕಗಳಲ್ಲಿ ಇಂದು ಆತ ಸಾಮಾನ್ಯವಾಗಿ ಒಂದು ವಾಕ್ಯದಲ್ಲಿ ಬರುತ್ತಾನೆ. ದೂಸೆಯ ಏಕೈಕ ಚಿತ್ರದ ನಿರ್ದೇಶಕ ಎಂಬ ವಾಕ್ಯ.

ಈ ಒಂದು ವಾಕ್ಯವನ್ನು ಅನ್ಯಾಯ ಎನ್ನಬೇಕೆ? ಮೊದಲು ಹಾಗನ್ನಿಸಿತ್ತು. ಈಗ ಅಷ್ಟು ಖಚಿತವಿಲ್ಲ. ಸೂರ್ಯ, ಸಮುದ್ರ ಎಂದು ಹೆಸರಿಟ್ಟುಕೊಂಡವನಿಗೆ ಇದು ಸಾಲದು, ನಿಜ. ಆದರೆ ಬರೆಯುವವರಿಗೆ, ನಟಿಸುವವರಿಗೆ ಇದರಲ್ಲೊಂದು ಪಾಠವಿದೆ. ಅವನು ತನ್ನನ್ನು ತಾನು ತುಂಬಿಕೊಂಡು ಮಾಡಿದ ಚಿತ್ರಗಳು ವಸ್ತುಸಂಗ್ರಹಾಲಯದ ವಸ್ತುಗಳಾದವು. ಇನ್ನೊಬ್ಬಳಿಗೆ ಜಾಗ ಮಾಡಿಕೊಟ್ಟ ಚಿತ್ರ ಜೀವಂತವಾಗಿದೆ. ತನ್ನ ಅತ್ಯುತ್ತಮ ಕೆಲಸ ಯಾವುದೆಂದು ಅವನಿಗೆ ತಿಳಿದಿತ್ತೋ ಇಲ್ಲವೋ. ತಿಳಿದಿದ್ದರೆ 'ಅತ್ತಿಲಾ' ಮಾಡುತ್ತಿರಲಿಲ್ಲ ಎಂದು ನನ್ನ ಊಹೆ.

ದೆಲೆದ್ದಾ ಕಾದಂಬರಿಯ ಕೊನೆಯಲ್ಲಿ ತಾಯಿ ಸತ್ತ ಮೇಲೆ ಮಗ ಆ ತಾಯಿತವನ್ನು ಬಿಚ್ಚುತ್ತಾನೆ. ಒಳಗಿರುವುದು ಬೂದಿ. ಎಲ್ಲವೂ ಬೂದಿಯೇ ಎಂದುಕೊಳ್ಳುವಷ್ಟರಲ್ಲಿ, ಬೂದಿಯ ಅಡಿಯಲ್ಲಿ ಕಿಡಿ ಇರುವುದುಂಟು ಎಂಬುದು ಅವನಿಗೆ ನೆನಪಾಗುತ್ತದೆ. 'ಇಲ್ ಫ್ವೋಕೊ' ಕಿಡಿಯಿಂದ ಹೊರಟು ಬೂದಿಗೆ ಬಂದಿತ್ತು. ದೆಲೆದ್ದಾ ಬೂದಿಯಿಂದ ಮತ್ತೆ ಕಿಡಿಗೆ ಕರೆದೊಯ್ಯುತ್ತಾಳೆ. ನಮ್ಮಲ್ಲಿ ಬೂದಿ ಮುಚ್ಚಿದ ಕೆಂಡ ಎನ್ನುವಾಗ ಅದರಲ್ಲಿ ಸ್ವಲ್ಪ ಎಚ್ಚರಿಕೆ ಇರುತ್ತದೆ, ಮುಟ್ಟಬೇಡ ಎಂಬಂತೆ. ಒಲೆಯ ಮುಂದೆ ಕೂತು ಬೆಳೆದವರಿಗೆ ಇನ್ನೊಂದು ಅರ್ಥವೂ ಗೊತ್ತು. ರಾತ್ರಿ ಕೆಂಡದ ಮೇಲೆ ಬೂದಿ ಮುಚ್ಚುವುದು ಬೆಳಿಗ್ಗೆ ಒಲೆ ಹಚ್ಚಲು ಬೆಂಕಿ ಉಳಿಯಲಿ ಎಂದು. ಮುಚ್ಚದೆ ಬಿಟ್ಟ ಕೆಂಡ ಬೆಳಗಿನ ತನಕ ಉಳಿಯುವುದಿಲ್ಲ.

ಕಳೆದ ವಾರ 'ಚೇನೆರೆ'ಯನ್ನು ಮೂರನೆಯ ಸಲ ನೋಡಿದೆ. ಎಲ್ಲೂ ಮುಂದಕ್ಕೆ ತಳ್ಳಲಿಲ್ಲ. ಮಾರಿ ಬಂದು ಕೈ ಎತ್ತಿದಾಗಲೂ ನೋಡುತ್ತ ಕೂತೆ. ಕೊನೆಯಲ್ಲಿ ಆತ ತಾಯಿಯ ಹೆಣದ ಮುಂದೆ ಕುಸಿಯುತ್ತಾನೆ. ಅಲ್ಲೂ ಅತಿಯಾಗಿಯೇ ನಟಿಸುತ್ತಾನೆ, ಅದು ಬದಲಾಗಿಲ್ಲ. ಆದರೆ ಕುಸಿದವನ ಮೇಲೆ ನನ್ನ ಕಣ್ಣು ಈ ಸಲ ಸ್ವಲ್ಪ ಹೊತ್ತು ನಿಂತಿತು. ಅಷ್ಟು ಹೊತ್ತು ಅವನು ಯಾರನ್ನು ನೆರಳಿನಲ್ಲಿ ಕಾಪಾಡಿಕೊಂಡು ಬಂದಿದ್ದನೋ ಅವಳೀಗ ಇಲ್ಲ. ಚೌಕಟ್ಟಿನಲ್ಲಿ ಉಳಿದವನು ಅವನೊಬ್ಬನೇ.